ಬರೆದವಳ ಪಾಲು

ಸಿನಿಮಾ ಶುರುವಾಗಿ ತೆರೆಯ ಮೇಲೆ 'ಕಥೆ–ಚಿತ್ರಕಥೆ–ಸಂಭಾಷಣೆ' ಎಂಬ ಅಕ್ಷರಗಳು ಮೂಡಿ ಮಾಯವಾಗುವ ಹೊತ್ತಿಗೆ ಅರ್ಧ ಜನ ಇನ್ನೂ ಕತ್ತಲೆಯಲ್ಲಿ ಕುರ್ಚಿ ತಡಕುತ್ತಿರುತ್ತಾರೆ. ಉಳಿದರ್ಧ ಜನ ನಾಯಕನ ಹೆಸರಿಗೆ ಕಾಯುತ್ತಿರುತ್ತಾರೆ. ಮನೆಗೆ ಹೋದ ಮೇಲೆ ಆ ಚಿತ್ರ ಬರೆದವರಾರು ಎಂದು ಕೇಳಿದರೆ ಹೇಳುವವರು ವಿರಳ. ಇದರಲ್ಲಿ ಪ್ರೇಕ್ಷಕರ ತಪ್ಪೇನೂ ಇಲ್ಲ. ಚಿತ್ರಕಥೆಯೆಂಬುದು ಓದುಗರಿಲ್ಲದ ಬರವಣಿಗೆ. ಯಕ್ಷಗಾನದ ಪ್ರಸಂಗಕ್ಕಾದರೆ ಭಾಗವತರ ಬಾಯಲ್ಲಿ ಕವಿಯ ಪದ ಕವಿಯ ಪದವಾಗಿಯೇ ಉಳಿದಿರುತ್ತದೆ. ನಾಟಕಕ್ಕಾದರೆ ಅಚ್ಚಾದ ಪುಸ್ತಕವಿರುತ್ತದೆ. ಚಿತ್ರಕಥೆ ಮಾತ್ರ ಕಮಾನು ಕಟ್ಟುವಾಗ ಕೆಳಗೆ ಕೊಡುವ ಮರದ ಆಸರೆಯಂತೆ. ಕಲ್ಲು ತನ್ನಷ್ಟಕ್ಕೆ ನಿಂತ ಮೇಲೆ ಅದನ್ನು ಕಳಚಿ ಒಲೆಗೆ ಹಾಕುತ್ತಾರೆ.

ಹೀಗೆ ಮರೆಯಲ್ಲಿ ಉಳಿಯುವವರ ವಿಷಯದಲ್ಲಿ ಒಂದು ಧರ್ಮಸೂಕ್ಷ್ಮವಿದೆ. ಚಿತ್ರ ಒಳ್ಳೆಯದಾದರೆ ಅದರ ಪುಣ್ಯದಲ್ಲಿ ಬರೆದವರಿಗೆಷ್ಟು ಪಾಲು? ಅದು ಕೆಟ್ಟದ್ದನ್ನು ಹೇಳಿದರೆ ಪಾಪದಲ್ಲೆಷ್ಟು? ಇದಕ್ಕಿಂತ ಕಷ್ಟದ ಇನ್ನೊಂದು ಪ್ರಶ್ನೆಯೂ ಇದೆ: ಒಂದು ಸತ್ಯವನ್ನು ಕಂಡು, ಅದನ್ನು ಪಾತ್ರದ ಬಾಯಲ್ಲಿ ಚೆನ್ನಾಗಿ ಆಡಿಸಿದವರು, ತಮ್ಮ ಬದುಕಿನಲ್ಲಿ ಆ ಸತ್ಯಕ್ಕೆ ಎಷ್ಟರಮಟ್ಟಿಗೆ ಬದ್ಧರು? ಇದನ್ನು ಯೋಚಿಸುವಾಗಲೆಲ್ಲ ನನಗೆ ನೆನಪಾಗುವುದು ತೇಯಾ ಫಾನ್ ಹಾರ್ಬು ಎಂಬ ಜರ್ಮನ್ ಲೇಖಕಿ. ಆಕೆಯ ಕತೆಯಲ್ಲಿ ಈ ಪ್ರಶ್ನೆಗಳೆಲ್ಲ ಒಂದಕ್ಕೊಂದು ಹೆಣೆದುಕೊಂಡಿವೆ. ಅಷ್ಟೇ ಅಲ್ಲ, ಆ ಕತೆಯ ಒಂದು ಎಳೆ ಬರ್ಲಿನ್ನಿನಿಂದ ನಮ್ಮ ಬೆಳಗಾವಿಯ ಮಗ್ಗುಲಿನ ಒಂದು ಹಳ್ಳಿಯವರೆಗೆ ಬಂದಿದೆ.

ಆಕೆ ಹುಟ್ಟಿದ್ದು 1888ರ ಡಿಸೆಂಬರಿನಲ್ಲಿ, ಬವೇರಿಯಾ ಪ್ರಾಂತದ ತೌಪರ್ಲಿಟ್ಸ್ ಎಂಬಲ್ಲಿ. ಹೆಸರಿನಲ್ಲಿ ಕುಲೀನತೆ ಉಳಿದು ಹಣ ಕರಗಿಹೋದ ಮನೆತನ. ಮೊದಲು ನಾಟಕದ ನಟಿಯಾದಳು, ಜತೆಜತೆಗೇ ಕಾದಂಬರಿಗಳನ್ನು ಬರೆದಳು. 1918ರಲ್ಲಿ ಬಂದ 'ಇಂಡಿಯಾದ ಗೋರಿ' ಎಂಬ ಕಾದಂಬರಿ ಆಕೆಗೆ ಹೆಸರು ತಂದಿತು. ಅಪನಂಬಿಕೆಯ ಮಹಾರಾಜನೊಬ್ಬ ಯುರೋಪಿನಿಂದ ವಾಸ್ತುಶಿಲ್ಪಿಯನ್ನು ಕರೆಸಿ, ಇನ್ನೂ ಬದುಕಿರುವ ಹೆಣ್ಣಿಗೆ ಗೋರಿ ಕಟ್ಟಲು ಹೇಳುವ ಕತೆ ಅದು. ಹುಲಿ, ಯೋಗಿ, ಅರಮನೆ ಎಲ್ಲ ಉಂಟು. ನಾವು ನೀವು ಬಲ್ಲ ಊರುಕೇರಿ ಮಾತ್ರ ಇಲ್ಲ. 1921ರಲ್ಲಿ ಜೋ ಮೇ ಅದನ್ನು ಸಿನಿಮಾ ಮಾಡಿದಾಗ ಬರ್ಲಿನ್ನಿನ ಹೊರವಲಯದ ವೋಲ್ಟರ್ಸ್‌ಡೋರ್ಫ್‌ನಲ್ಲಿ ಆ ಇಂಡಿಯಾವನ್ನು ಹಲಗೆ ಗಾರೆಗಳಲ್ಲಿ ಕಟ್ಟಿ ನಿಲ್ಲಿಸಿದರು. ಆ ಚಿತ್ರಕಥೆಯಲ್ಲಿ ಆಕೆಗೆ ಜತೆಗಾರನಾಗಿದ್ದವನು ಫ್ರಿಟ್ಸ್ ಲಾಂಗ್. 1922ರಲ್ಲಿ ಇಬ್ಬರೂ ಮದುವೆಯಾದರು.

ಮುಂದಿನ ಹತ್ತು ವರ್ಷಗಳ ಪಟ್ಟಿ ದೊಡ್ಡದು, ಎಲ್ಲ ಹೇಳುತ್ತ ಕೂರುವುದಿಲ್ಲ. ಲಾಂಗನಿಗೆ 'ದಣಿದ ಸಾವು', 'ಡಾಕ್ಟರ್ ಮಬೂಸೆ', 'ನಿಬೆಲುಂಗೆನ್', 'ಮೆಟ್ರೊಪೊಲಿಸ್', 'ಚಂದ್ರನಲ್ಲಿ ಹೆಂಗಸು', 'ಎಂ' ಇವನ್ನೆಲ್ಲ ಬರೆಯುವುದರಲ್ಲಿ ಆಕೆಯ ಕೈಯಿತ್ತು. ಮುರ್ನೌಗೆ 'ಫ್ಯಾಂಟಮ್' ಸೇರಿದಂತೆ ಕೆಲವು ಚಿತ್ರಗಳಿಗೆ, ಡೆನ್ಮಾರ್ಕಿನ ಡ್ರೇಯರ್‌ಗೆ 1924ರ 'ಮಿಖಾಯೆಲ್' ಚಿತ್ರಕ್ಕೆ ಬರೆದುಕೊಟ್ಟಳು. ಒಂದಕ್ಕೊಂದು ಹೋಲಿಕೆಯೇ ಇಲ್ಲದ ಮೂವರು ದೊಡ್ಡ ನಿರ್ದೇಶಕರು ಒಬ್ಬಳದೇ ಬರಹದ ಮೇಲೆ ಕಟ್ಟಿದರೆಂದರೆ ಆ ಕೈಗೆ ಕಸುಬು ಗೊತ್ತಿತ್ತು ಎಂದೇ ಅರ್ಥ.

'ಮೆಟ್ರೊಪೊಲಿಸ್' ಬಗ್ಗೆ ಸ್ವಲ್ಪ ನಿಂತು ಹೇಳಬೇಕು. 1927ರ ಜನವರಿ 10ರಂದು ಬರ್ಲಿನ್ನಿನಲ್ಲಿ ತೆರೆ ಕಂಡ ಚಿತ್ರ. ಮೇಲೆ ಗಗನಚುಂಬಿ ಕಟ್ಟಡಗಳಲ್ಲಿ ಒಡೆಯರು, ನೆಲದಡಿಯಲ್ಲಿ ಯಂತ್ರಗಳಿಗೆ ಜೋತುಬಿದ್ದ ಕೂಲಿಗಳು. ಒಡೆಯನ ಮಗ ಕೆಳಗಿಳಿದು ಹೋಗುತ್ತಾನೆ, ಕಾಣಬಾರದ್ದನ್ನು ಕಾಣುತ್ತಾನೆ. ಕಡೆಗೆ ದಂಗೆಯೆದ್ದು, ನೀರು ನುಗ್ಗಿ, ಎಲ್ಲ ಮುಗಿದ ಮೇಲೆ ಚರ್ಚಿನ ಬಾಗಿಲಲ್ಲಿ ಆ ಮಗ ತನ್ನ ಅಪ್ಪನ ಕೈಯನ್ನೂ ಕೂಲಿಗಳ ಮೇಸ್ತ್ರಿಯ ಕೈಯನ್ನೂ ಹಿಡಿದು ಕೂಡಿಸುತ್ತಾನೆ. ಯೋಜಿಸುವ ತಲೆಗೂ ದುಡಿಯುವ ಕೈಗೂ ನಡುವೆ ಹೃದಯ ಬೇಕು ಎಂಬುದು ಚಿತ್ರದ ಸಾರ. ಕೂಲಿ ಎಷ್ಟು, ದುಡಿಮೆ ಎಷ್ಟು ಹೊತ್ತು, ಯಂತ್ರದ ಕೀಲಿ ಯಾರ ಕೈಯಲ್ಲಿ ಎಂಬ ಮಾತೇ ಅಲ್ಲಿಲ್ಲ.

ಚಿತ್ರ ಬಂದ ವರ್ಷವೇ ಪಾಲು ಹಂಚುವ ಕೆಲಸ ಶುರುವಾಯಿತು. ಆಗ ಇನ್ನೂ ಪತ್ರಿಕೆಗಳಿಗೆ ಬರೆಯುತ್ತಿದ್ದ ಲೂಯಿಸ್ ಬುನ್ಯುವೆಲ್, ಇದು ಒಂದು ಚಿತ್ರವಲ್ಲ, ಹೊಟ್ಟೆಗೆ ಹೊಟ್ಟೆ ಅಂಟಿಸಿದ ಎರಡು ಚಿತ್ರ ಎಂಬರ್ಥದ ಮಾತು ಬರೆದ. ಕಣ್ಣಿಗೆ ಹಬ್ಬವಾದ ಚಿತ್ರ ಲಾಂಗನದು, ಬುದ್ಧಿಗೆ ಹಿಡಿಸದ ಚಿತ್ರ ಹಾರ್ಬುಳದು. ಎಚ್. ಜಿ. ವೆಲ್ಸ್ ಆ ಕತೆಯನ್ನು ಚೆನ್ನಾಗಿಯೇ ಗೇಲಿ ಮಾಡಿದ. ಮುಂದೆ 1947ರಲ್ಲಿ ಸೀಗ್‌ಫ್ರೀಡ್ ಕ್ರಾಕೌವರ್ ಇನ್ನೂ ಆಳಕ್ಕೆ ಹೋಗಿ, ಆ ಕೈಕುಲುಕಾಟದಲ್ಲಿ ಸೋತವನು ಒಡೆಯನಲ್ಲ, ಕೂಲಿಗಳ ಮನಸ್ಸನ್ನೂ ಅವನು ಇನ್ನು ಮುಂದೆ ಹಿಡಿತದಲ್ಲಿಟ್ಟುಕೊಳ್ಳುತ್ತಾನೆ ಎಂದು ತೋರಿಸಿದ. ಲಾಂಗ್ ಸ್ವತಃ ಇಳಿವಯಸ್ಸಿನಲ್ಲಿ, ಹೃದಯದ ಆ ಮಾತು ಹೆಂಡತಿಯದು, ತನಗದು ಈಗ ಒಪ್ಪಿಗೆಯಿಲ್ಲ ಎಂದ. ಆದರೆ ಒಂದು ಮಾತು ಸೇರಿಸಿದ, ಅದು ಅವನ ದೊಡ್ಡತನ: ಚಿತ್ರ ಮಾಡಿದವನು ನಾನು, ಆದ್ದರಿಂದ ಅರ್ಧ ಹೊಣೆಯಾದರೂ ನನ್ನದೇ ಎಂದು. ಅರ್ಧ! ಬರೆದವಳಿಗೂ ತೆಗೆದವನಿಗೂ ಸಮಪಾಲು. ಬೈಗುಳದಲ್ಲಾದರೂ ಹೀಗೆ ಸಮಪಾಲು ಕೊಟ್ಟವರು ಕಡಿಮೆ. ಹೊಗಳಿಕೆಯಲ್ಲಂತೂ ಯಾರೂ ಕೊಟ್ಟಿಲ್ಲ.

ಆಸರೆಯ ಮರವನ್ನು ಒಲೆಗೆ ಹಾಕುತ್ತಾರೆ ಎಂದೆನಲ್ಲ, ಈ ಚಿತ್ರದ ವಿಷಯದಲ್ಲಿ ಹಾಗಾಗಲಿಲ್ಲ. ಬಿಡುಗಡೆಯಾದ ಕೆಲವೇ ತಿಂಗಳಲ್ಲಿ ಚಿತ್ರವನ್ನು ಕತ್ತರಿಸಿ ಕಾಲುಭಾಗದಷ್ಟು ತೆಗೆದುಹಾಕಿದರು, ಆ ತುಂಡುಗಳು ಕಳೆದೇಹೋದವು. ಎಷ್ಟೋ ದಶಕ 'ಮೆಟ್ರೊಪೊಲಿಸ್' ಇಡಿಯಾಗಿ ಉಳಿದಿದ್ದುದು ಕಾಗದದ ಮೇಲೆ ಮಾತ್ರ. ಸಂಗೀತ ಕೂಡಿಸಿದ ಹುಪ್ಪರ್ಟ್ಸ್ ಎಂಬಾತ ಇಟ್ಟುಕೊಂಡಿದ್ದ ಚಿತ್ರಕಥೆಯ ಪ್ರತಿಯನ್ನೂ ಅವನ ಸ್ವರಲಿಪಿಯನ್ನೂ ಮುಂದಿಟ್ಟುಕೊಂಡು, ಯಾವ ದೃಶ್ಯ ಎಲ್ಲಿತ್ತು, ಎಲ್ಲಿ ಏನು ಬಿಟ್ಟುಹೋಗಿದೆ ಎಂದು ಜೀರ್ಣೋದ್ಧಾರ ಮಾಡುವವರು ಲೆಕ್ಕ ಹಾಕಿದರು. 2008ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಗೀರು ಬಿದ್ದ 16 ಎಂಎಂ ಪ್ರತಿಯೊಂದು ಸಿಕ್ಕಿ, 2010ರಲ್ಲಿ ಚಿತ್ರ ಹೆಚ್ಚುಕಡಿಮೆ ಪೂರ್ತಿಯಾಗಿ ಮತ್ತೆ ತೆರೆ ಕಂಡಿತು. ಕಾಗದದಲ್ಲಿ ಹೇಳಿದ್ದ ದೃಶ್ಯಗಳು ಆ ಪ್ರತಿಯಲ್ಲಿ ಒಂದೊಂದಾಗಿ ಸಿಕ್ಕಿದಾಗ ಅವರಿಗೆ ಎಷ್ಟು ಸಂತೋಷವಾಗಿರಬೇಡ.

ಹೃದಯದ ಮಾತಿಗೆ ಆಮೇಲೆ ಬರುತ್ತೇನೆ. ಅದಕ್ಕೆ ಮೊದಲು 'ಎಂ'.

ಈ ಚಿತ್ರವನ್ನು ನಾನು ಮೊದಲು ನೋಡಿದ್ದು ಚಿತ್ರಸಮಾಜವೊಂದರ ಪ್ರದರ್ಶನದಲ್ಲಿ, ಶಾಲೆಯ ಹಾಲಿನಲ್ಲಿ, ಪುಣೆಯ ಫಿಲ್ಮ್ ಆರ್ಕೈವ್‌ನಿಂದ ತರಿಸಿದ ಪ್ರತಿಯಲ್ಲಿ. ಜರ್ಮನ್ ಮಾತು ತಿಳಿಯದು, ಕೆಳಗಿನ ಇಂಗ್ಲಿಷ್ ಅಕ್ಷರಗಳನ್ನು ಓದಿ ಮುಗಿಸುವಷ್ಟರಲ್ಲಿ ದೃಶ್ಯ ಮುಂದಕ್ಕೆ ಹೋಗಿರುತ್ತಿತ್ತು. ಆದರೆ ಮೊದಲ ಹತ್ತು ನಿಮಿಷಕ್ಕೆ ಭಾಷೆ ಬೇಕಾಗಲಿಲ್ಲ. ಶಾಲೆಯಿಂದ ಮಗಳು ಬರುತ್ತಾಳೆಂದು ತಾಯಿ ತಟ್ಟೆ ಇಟ್ಟು ಕಾಯುತ್ತಾಳೆ. ಗಡಿಯಾರ ನೋಡುತ್ತಾಳೆ. ಮೆಟ್ಟಿಲ ಬಳಿ ನಿಂತು ಹೆಸರು ಹಿಡಿದು ಕೂಗುತ್ತಾಳೆ. ಖಾಲಿ ಮೆಟ್ಟಿಲು, ಬಟ್ಟೆ ಒಣಗಹಾಕಿದ ಖಾಲಿ ಅಟ್ಟ, ಖಾಲಿ ತಟ್ಟೆ. ಪೊದೆಯಿಂದ ಉರುಳಿ ಬಂದು ನಿಲ್ಲುವ ಚೆಂಡು, ತಂತಿಗೆ ಸಿಕ್ಕಿಕೊಂಡ ಬಲೂನು. ಕೊಲೆಯನ್ನು ತೋರಿಸಲೇ ಇಲ್ಲ. ಮಾತಿನ ಸಿನಿಮಾ ಆಗಿನ್ನೂ ಎಳೆಗೂಸು, 1931ರ ಕಾಲ. ಎಲ್ಲರೂ ಪಾತ್ರಗಳಿಂದ ಮಾತಾಡಿಸಿದ್ದೇ ಮಾತಾಡಿಸಿದ್ದು. ಇಲ್ಲಿ ಮಾತನ್ನು ಎಲ್ಲಿ ನಿಲ್ಲಿಸಬೇಕೆಂದು ಬಲ್ಲವರು ಬರೆದಿದ್ದರು.

ಕತೆಯ ತಿರುಳು ಇರುವುದು ಕೊನೆಯಲ್ಲಿ. ಮಕ್ಕಳನ್ನು ಕೊಲ್ಲುವವನಿಗಾಗಿ ಪೊಲೀಸರು ಊರೆಲ್ಲ ಜಾಲಾಡತೊಡಗಿದಾಗ ಕಳ್ಳರ ದಂಧೆಗೆ ಕುತ್ತು ಬರುತ್ತದೆ. ಆದ್ದರಿಂದ ಕಳ್ಳರೇ ಭಿಕ್ಷುಕರನ್ನು ಕಾವಲಿಗೆ ಹಾಕಿ ಅವನನ್ನು ಹಿಡಿಯುತ್ತಾರೆ. ಪಾಳುಬಿದ್ದ ಕಾರ್ಖಾನೆಯ ನೆಲಮಾಳಿಗೆಯಲ್ಲಿ ನ್ಯಾಯಾಲಯ ಕೂಡಿಸುತ್ತಾರೆ. ಸೂಳೆಯರು, ಜೇಬುಗಳ್ಳರು, ಮನೆಗಳ್ಳರು ಮೆಟ್ಟಿಲು ಮೆಟ್ಟಿಲಾಗಿ ಕೂತಿದ್ದಾರೆ. ನ್ಯಾಯಾಧೀಶನೆಂದು ಕೂತವನು ಕೊಲೆಯ ಆರೋಪದ ಮೇಲೆ ಪೊಲೀಸರು ಹುಡುಕುತ್ತಿರುವ ಮನುಷ್ಯ. ಪೀಟರ್ ಲೋರ್ರೆಯೆಂಬ ಗುಂಡುಮುಖದ ನಟ ಆ ಕೊಲೆಗಾರನಾಗಿ ಮಂಡಿಯೂರಿ, ತನ್ನಿಂದ ತಾನೇ ಓಡಲಾರದ ತನ್ನ ಸ್ಥಿತಿಯನ್ನು ಹೇಳಿಕೊಳ್ಳುತ್ತಾನೆ. ಜನ ಕೊಲ್ಲಿ ಎಂದು ಕೂಗುತ್ತಾರೆ. ಆಗ ಅವನ ಪರವಾಗಿ ನೇಮಿಸಲ್ಪಟ್ಟ ವಕೀಲ, ಮೊದಲು ನಮಗೆ ನಗೆಪಾಟಲಿನ ಹಾಗೆ ಕಂಡವನು, ಎದ್ದು ನಿಲ್ಲುತ್ತಾನೆ. ತನ್ನ ಕೈಮೀರಿದ್ದಕ್ಕೆ ಯಾರನ್ನೂ ಕೊಲ್ಲುವಂತಿಲ್ಲ, ಇವನನ್ನು ವೈದ್ಯರಿಗೆ ಒಪ್ಪಿಸಿ, ಕಾನೂನಿಗೆ ಒಪ್ಪಿಸಿ, ಈ ಮನುಷ್ಯನಿಗೂ ರಕ್ಷಣೆಯ ಹಕ್ಕುಂಟು ಎಂದು ನಗೆ ಕೂಗಾಟಗಳ ನಡುವೆ ವಾದಿಸುತ್ತಾನೆ.

ಯೋಚಿಸಿ ನೋಡಿ. ಇಲ್ಲಿ ಹೃದಯದಿಂದ ಯಾವ ಉಪಯೋಗವೂ ಇಲ್ಲ. ಆ ಸಭೆಯಲ್ಲಿ ಹೃದಯಕ್ಕೇನೂ ಬರವಿಲ್ಲ, ಸತ್ತ ಮಕ್ಕಳಿಗಾಗಿ ಎಲ್ಲರ ಕರುಳೂ ಕಿವುಚಿದೆ. ಒಬ್ಬ ಹೆಂಗಸು ತಾಯಂದಿರ ಸಂಕಟವನ್ನು ಎತ್ತಿ ಹೇಳುತ್ತಾಳೆ, ಅದಕ್ಕೆ ಎದುರಾಡಲು ಯಾರಿಂದಲೂ ಆಗದು. ಕೊಲ್ಲು ಎನ್ನುತ್ತಿರುವುದೇ ಹೃದಯ. ಅದನ್ನು ತಡೆದು ನಿಲ್ಲಿಸುವುದಕ್ಕೆ ಬೇಕಾದ್ದು ಬೇರೆ ಏನೋ ಒಂದು. ಯಾರಿಗೂ ಬೇಡದವನಿಗೂ, ಕಂಡರೆ ಹೇಸಿಗೆಯಾಗುವವನಿಗೂ ಸಲ್ಲಬೇಕಾದ್ದು ಸಲ್ಲಲಿ ಎನ್ನುವ ಒಣ ಮಾತು. 'ಮೆಟ್ರೊಪೊಲಿಸ್'ನಲ್ಲಿ ಹೃದಯವನ್ನು ಎತ್ತಿ ಕೂರಿಸಿದವಳ ಹೆಸರೇ, ನಾಲ್ಕು ವರ್ಷಗಳ ಮೇಲೆ ಆ ಹೃದಯಕ್ಕೆ ಕಡಿವಾಣ ಬೇಕೆಂದು ತೋರಿಸಿದ ಚಿತ್ರದ ಮೇಲೂ ಇದೆ. ಅಲ್ಲಿ ಆಕೆಯ ಪಾಲೆಷ್ಟು, ಲಾಂಗನ ಪಾಲೆಷ್ಟು ಎಂದು ಬಿಡಿಸುವುದಕ್ಕೆ ನಾನು ಹೋಗುವುದಿಲ್ಲ. ಅರ್ಧಾರ್ಧ ಎಂಬ ಲಾಂಗನ ಲೆಕ್ಕವನ್ನೇ ಇಲ್ಲಿಗೂ ಇಟ್ಟುಕೊಳ್ಳೋಣ.

ನಮ್ಮ ಕಡೆಯ ತಾಳಮದ್ದಳೆ ಕೇಳಿದವರಿಗೆ ಈ ಕಸುಬಿನ ಗುಟ್ಟು ಬೇಗ ಅರ್ಥವಾಗುತ್ತದೆ. ಒಳ್ಳೆಯ ಅರ್ಥಧಾರಿ ಇವತ್ತು ಕೌರವನಾಗಿ ಕೂತು ಪಾಂಡವರಿಗೆ ಸೂಜಿಮೊನೆಯಷ್ಟು ನೆಲವನ್ನೂ ಏಕೆ ಕೊಡಬಾರದೆಂದು ನಮ್ಮನ್ನು ಒಪ್ಪಿಸಿಬಿಡುತ್ತಾನೆ. ನಾಳೆ ಕೃಷ್ಣನಾಗಿ ಅದೇ ವಾದವನ್ನು ಚಿಂದಿ ಮಾಡುತ್ತಾನೆ. ಎರಡು ದಿನವೂ ಅವನ ಕಣ್ಣಲ್ಲಿ ನಿಜವಾದ ನೀರೇ ಬರುತ್ತದೆ. ಪ್ರತಿಯೊಬ್ಬನಿಗೂ ಅವನವನ ನ್ಯಾಯ ಕೊಡುವ ಈ ಶಕ್ತಿ ಕರುಣೆಯ ಹಾಗೆಯೇ ಕಾಣುತ್ತದೆ, ಕರುಣೆಯ ನೆರೆಮನೆಯಲ್ಲೇ ವಾಸ ಮಾಡುತ್ತದೆ. ಆದರೆ ಅರ್ಥ ಹೇಳಿದ ಮಾತ್ರಕ್ಕೆ ಅರ್ಥಧಾರಿ ಕೃಷ್ಣನಾಗುವುದಿಲ್ಲ, ದುರ್ಯೋಧನನೂ ಆಗುವುದಿಲ್ಲ. ಆ ಶಕ್ತಿಯನ್ನು ಯಾರು ಬೇಕಾದರೂ ವೀಳ್ಯ ಕೊಟ್ಟು ಕರೆಯಬಹುದು.

1933ರಲ್ಲಿ ಕರೆ ಬಂತು. ಜನವರಿಯಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಮಾರ್ಚಿಯಲ್ಲಿ ಲಾಂಗ್–ಹಾರ್ಬು ಜೋಡಿಯ ಕೊನೆಯ ಚಿತ್ರ 'ಡಾಕ್ಟರ್ ಮಬೂಸೆಯ ಮರಣಶಾಸನ'ವನ್ನು ಗೋಬೆಲ್ಸ್ ನಿಷೇಧಿಸಿದ. ಏಪ್ರಿಲ್‌ನಲ್ಲಿ ಮೊದಲೇ ಮುರಿದಿದ್ದ ಮದುವೆ ಕಾನೂನಿನ ಪ್ರಕಾರವೂ ಮುರಿಯಿತು. ಲಾಂಗ್ ದೇಶ ಬಿಟ್ಟ. ಗೋಬೆಲ್ಸ್ ತನ್ನನ್ನು ಕರೆಸಿ ಜರ್ಮನ್ ಸಿನಿಮಾದ ಯಜಮಾನಿಕೆ ಕೊಡುತ್ತೇನೆಂದ, ತಾನು ಅದೇ ರಾತ್ರಿ ರೈಲು ಹತ್ತಿದೆ ಎಂದು ಆತ ಮುಂದೆ ಎಷ್ಟೋ ಸಲ ಹೇಳಿದ. ಅವನ ಪಾಸ್‌ಪೋರ್ಟಿನ ಮುದ್ರೆಗಳು, ಆ ಬೇಸಿಗೆಯವರೆಗೂ ಅವನು ಬರ್ಲಿನ್ನಿಗೆ ಬಂದು ಹೋಗಿ ಮಾಡುತ್ತಿದ್ದ ಎನ್ನುತ್ತವೆ. ಚಿತ್ರಕಥೆ ಬರೆಯುವ ಅಭ್ಯಾಸ ಅವನಿಗೂ ಇತ್ತಲ್ಲ! ಅದೇನಿದ್ದರೂ ಅವನು ಹೋದ. ಅವನ ತಾಯಿ ಯಹೂದಿ ಮೂಲದವಳು, ಉಳಿದಿದ್ದರೆ ಏನಾಗುತ್ತಿತ್ತೋ. ಯಹೂದಿಯಾದ ಲೋರ್ರೆಯೂ ಹೋದ. ಕಳ್ಳರ ನ್ಯಾಯಾಧೀಶನಾಗಿದ್ದ ಗುಸ್ತಾಫ್ ಗ್ರುಂಡ್‌ಗೆನ್ಸ್ ಉಳಿದು, ಗೋರಿಂಗನ ಕೃಪೆಯಲ್ಲಿ ಬರ್ಲಿನ್ನಿನ ಸರಕಾರಿ ರಂಗಭೂಮಿಯ ಮುಖ್ಯಸ್ಥನಾದ.

ಹಾರ್ಬು ಉಳಿದಳು. ಬರೆದಳು. 1934ರಲ್ಲಿ ಎರಡು ಚಿತ್ರಗಳನ್ನು ತಾನೇ ನಿರ್ದೇಶಿಸಿ, ಆ ಕೆಲಸ ತನಗೆ ಒಗ್ಗದೆಂದು ಕಂಡಿರಬೇಕು, ಮತ್ತೆ ಬರವಣಿಗೆಗೆ ಬಂದಳು. ನಾಜಿ ಆಳ್ವಿಕೆಯ ಹನ್ನೆರಡು ವರ್ಷಗಳಲ್ಲಿ ಇಪ್ಪತ್ತಕ್ಕೂ ಹೆಚ್ಚು ಚಿತ್ರಗಳಿಗೆ ಆಕೆ ಕೈಹಾಕಿದಳು. ಪಕ್ಷದ ಸದಸ್ಯತ್ವವನ್ನೂ ಪಡೆದಳು. ಇವುಗಳಲ್ಲಿ ಹೆಚ್ಚಿನವು ಪ್ರೇಮ, ಮನೆತನ, ನಗೆ ಇಂಥ ಚಿತ್ರಗಳು. ಅವನ್ನು ಬಿಡೋಣ. ಬಿಡಲಾಗದ್ದು 1937ರ 'ಒಡೆಯ'.

ಇದಕ್ಕೆ ಮೂಲ ಗೆರ್ಹಾರ್ಟ್ ಹೌಪ್ಟ್‌ಮನ್‌ನ ಒಂದು ನಾಟಕ. ಹೆಂಡತಿ ಸತ್ತ ಮುದುಕ ಶ್ರೀಮಂತ, ಚಿಕ್ಕ ವಯಸ್ಸಿನ ಹುಡುಗಿಯ ಮೇಲೆ ಅವನ ಒಲವು, ಆಸ್ತಿ ಕೈತಪ್ಪೀತೆಂದು ಅವನಿಗೆ ಬುದ್ಧಿ ನೆಟ್ಟಗಿಲ್ಲ ಎಂದು ದಾವೆ ಹೂಡುವ ಮಕ್ಕಳು. ನಾಟಕದಲ್ಲಿ ಆ ಮುದುಕ ಮುರಿದು ಸಾಯುತ್ತಾನೆ. ಕುರ್ಟ್ ಬ್ರೌನ್ ಎಂಬವನ ಜತೆ ಹಾರ್ಬು ಬರೆದ ಚಿತ್ರಕಥೆಯಲ್ಲಿ ಅವನು ಸಾಯುವುದಿಲ್ಲ. ಉಕ್ಕಿನ ಕಾರ್ಖಾನೆಯ ಒಡೆಯನಾದ ಅವನು ಮಕ್ಕಳನ್ನೆಲ್ಲ ಹೊರಗಿಟ್ಟು, ಕಾರ್ಖಾನೆಯನ್ನು ರಾಷ್ಟ್ರಕ್ಕೆ ಬರೆದುಕೊಡುತ್ತಾನೆ. ತನ್ನ ಜಾಗಕ್ಕೆ ದುಡಿಯುವವರ ನಡುವಿನಿಂದಲೇ ಒಬ್ಬ ಹುಟ್ಟು ನಾಯಕ ಬರುತ್ತಾನೆ, ಅಂಥವನಿಗೆ ಯಾರೂ ಕಲಿಸಬೇಕಾಗಿಲ್ಲ ಎಂಬ ಭಾವದಲ್ಲಿ ಚಿತ್ರ ಮುಗಿಯುತ್ತದೆ. ನಿರ್ದೇಶಕ ಫೈಟ್ ಹಾರ್ಲನ್; 1940ರಲ್ಲಿ ಯಹೂದಿದ್ವೇಷದ 'ಯಹೂದಿ ಸ್ಯೂಸ್' ಚಿತ್ರ ಮಾಡಿದವನು ಇವನೇ. 'ಒಡೆಯ'ಕ್ಕೆ ಆ ವರ್ಷದ ರಾಷ್ಟ್ರೀಯ ಪ್ರಶಸ್ತಿ ಸಿಕ್ಕಿತು.

'ಮೆಟ್ರೊಪೊಲಿಸ್'ನ ಹೃದಯ ಎಲ್ಲಿಗೆ ಬಂದು ನಿಂತಿತು ನೋಡಿ. ಒಡೆಯನಿಗೂ ಆಳಿಗೂ ನಡುವೆ ಒಂದು ಜಾಗವನ್ನು ಆಕೆ 1927ರಲ್ಲಿ ಖಾಲಿ ಬಿಟ್ಟಿದ್ದಳು. ಅಲ್ಲಿ ಹಕ್ಕನ್ನಾಗಲಿ ಲೆಕ್ಕವನ್ನಾಗಲಿ ಕೂರಿಸದೆ ಒಬ್ಬ ಮನುಷ್ಯನನ್ನು, ಅವನ ಒಳ್ಳೆಯತನವನ್ನು ಕೂರಿಸಿದ್ದಳು. ಹತ್ತು ವರ್ಷದಲ್ಲಿ ಆ ಜಾಗಕ್ಕೆ ನಾಯಕ ಬಂದು ಕೂತ. 'ಮೆಟ್ರೊಪೊಲಿಸ್' ಬರೆಯುವಾಗ ಆಕೆ ಇದನ್ನು ಬಯಸಿದ್ದಳು ಎಂದು ನಾನು ಹೇಳುತ್ತಿಲ್ಲ. ಬಾಗಿಲಿಗೆ ಅಗುಳಿ ಇಡದೆ ಮನೆ ಕಟ್ಟಿದರೆ ಕಳ್ಳನನ್ನು ಕರೆದ ಹಾಗಾಗುವುದಿಲ್ಲ, ಸರಿ. ಆದರೆ ಕಳ್ಳ ಬಂದು ಕೂತ ಮೇಲೆ ಅವನಿಗೆ ಮಣೆ ಹಾಕಿದ್ದು ಬೇರೆ ಮಾತು.

ಇಲ್ಲಿಗೆ ಆ ಬೆಳಗಾವಿಯ ಎಳೆ. ಬೆಳಗಾವಿಯ ಹತ್ತಿರದ ಬೆಳಗುಂದಿ ಊರಿನ ಆಯಿ ಗಣಪತ್ ತೆಂಡೂಲ್ಕರ್ ಎಂಬ ತರುಣ 1920ರ ದಶಕದಲ್ಲಿ ಓದಲೆಂದು ಯುರೋಪಿಗೆ ಹೋಗಿ, ಬರ್ಲಿನ್ನಿನಲ್ಲಿ ನೆಲೆನಿಂತು ಅಲ್ಲಿನ ಪತ್ರಿಕೆಗಳಿಗೆ ಬರೆಯುವವನಾದ. 1930ರ ದಶಕದ ಆರಂಭದಲ್ಲಿ ಹಾರ್ಬುಳ ಪರಿಚಯವಾಗಿ ಅದು ಪ್ರೀತಿಗೆ ತಿರುಗಿತು. ಅವನು ಆಕೆಗಿಂತ ಹದಿನೈದು ವರ್ಷಕ್ಕೂ ಹೆಚ್ಚು ಚಿಕ್ಕವನು. ಹಲಗೆ ಗಾರೆಯ ಇಂಡಿಯಾ ಕಟ್ಟಿಸಿದವಳ ಮನೆ ಬಾಗಿಲಿಗೆ ಬೆಳಗುಂದಿಯ ಇಂಡಿಯಾ ಬಂದು ನಿಂತಿತು! ಜನಾಂಗಶುದ್ಧಿಯ ಹುಚ್ಚು ಏರುತ್ತಿದ್ದ ಕಾಲದಲ್ಲಿ ಹೆಸರಾಂತ ಜರ್ಮನ್ ಲೇಖಕಿ ಕಂದುಬಣ್ಣದವನೊಬ್ಬನನ್ನು ಎಲ್ಲರೆದುರಿಗೆ ಮದುವೆಯಾಗುವಂತಿರಲಿಲ್ಲ, ಆದ್ದರಿಂದ ಗುಟ್ಟಿನಲ್ಲಿ ಆದರು. ಬರ್ಲಿನ್ನಿಗೆ ಬರುತ್ತಿದ್ದ ಭಾರತೀಯ ವಿದ್ಯಾರ್ಥಿಗಳಿಗೆ ಆಕೆ ಆಸರೆಯಾದಳು. ಯುದ್ಧದ ಮುನ್ಸೂಚನೆ ಕಂಡಾಗ ಆಕೆಯೇ ಅವನನ್ನು ಊರಿಗೆ ಹೋಗೆಂದಳು. ಅವನು ಬಂದು ಗಾಂಧಿಯವರ ಚಳವಳಿ ಸೇರಿದ, ಜೈಲಿಗೆ ಹೋದ. ಚಳವಳಿಯಲ್ಲೇ ಇದ್ದ ಇಂದುಮತಿ ಗುಣಾಜಿಯವರನ್ನು ಗಾಂಧಿಯವರ ಆಶೀರ್ವಾದದಿಂದ ಮದುವೆಯಾದ. ಕೆಲವು ವರ್ಷ ದೂರವಿದ್ದು ದೇಶದ ಕೆಲಸ ಮಾಡಬೇಕೆಂಬ ಗಾಂಧಿಯವರ ಷರತ್ತನ್ನು ಇಬ್ಬರೂ ಪಾಲಿಸಿದರು. ಈ ಮದುವೆಗೂ ಹಾರ್ಬುಳ ಒಪ್ಪಿಗೆಯಿತ್ತು ಎಂಬುದನ್ನು ಆ ದಂಪತಿಗಳ ಮಗಳೇ ಪುಸ್ತಕದಲ್ಲಿ ಬರೆದಿದ್ದಾರೆ. ಇಂಥ ದೊಡ್ಡ ಮನಸ್ಸು ಎಲ್ಲರಿಗೂ ಬರುವಂಥದ್ದಲ್ಲ.

ಯುದ್ಧ ಮುಗಿದು ಕೇಳಬೇಕಾದವರು ಕೇಳಿದಾಗ ಹಾರ್ಬು ಕೊಟ್ಟ ಉತ್ತರವೂ ಇದೇ: ನಾನು ಪಕ್ಷ ಸೇರಿದ್ದು ಜರ್ಮನಿಯಲ್ಲಿದ್ದ ಭಾರತೀಯರಿಗೆ ಸಹಾಯ ಮಾಡಲಿಕ್ಕೆ ಎಂದು. ಇದನ್ನು ಬರೀ ನೆಪ ಎಂದು ತಳ್ಳಿಹಾಕುವವರಿದ್ದಾರೆ. ನನಗೆ ಹಾಗೆ ತಳ್ಳಿಹಾಕಲು ಮನಸ್ಸು ಬಾರದು. ಆಕೆಯ ಔದಾರ್ಯಕ್ಕೆ ಸಾಕ್ಷಿಯಿದೆ. 1931ರಲ್ಲಿ, ಗರ್ಭಪಾತವನ್ನು ಅಪರಾಧವೆನ್ನುವ ಕಾನೂನಿನ 218ನೆಯ ಕಲಮಿನ ವಿರುದ್ಧ ಹೆಂಗಸರ ಪರವಾಗಿ ಸಾರ್ವಜನಿಕವಾಗಿ ದನಿಯೆತ್ತಿದವಳೂ ಈಕೆಯೇ. ಹೃದಯವಿಲ್ಲದವಳು ಎಂದು ಯಾರೂ ಅನ್ನಲಾರರು.

ಆದರೆ ಈ ಉಪಕಾರವನ್ನು ಜಮಾ ಬರೆದು, ಸೇವೆ ಮಾಡಿದ ಪಾಪವನ್ನು ಖರ್ಚು ಬರೆದು, ಬಾಕಿ ಎಷ್ಟೆಂದು ಕಳೆಯುವ ಕ್ರಮ ನನಗೆ ಸರಿಕಾಣುವುದಿಲ್ಲ. ಅವೆರಡೂ ಒಂದೇ ವಹಿಯಲ್ಲಿ ಬರೆಯುವ ಬಾಬುಗಳಲ್ಲ. ಆಕೆ ಸಹಾಯ ಮಾಡಿದ್ದು ತನ್ನ ಮನೆಗೆ ಬಂದವರಿಗೆ, ಹೆಸರು ಗೊತ್ತಿದ್ದವರಿಗೆ, ಮುಖ ಕಂಡವರಿಗೆ. ಅದೇ ಬರ್ಲಿನ್ನಿನಲ್ಲಿ ಮುಖ ಕಾಣದೆ ಹೋದವರೂ ಇದ್ದರು. ಅವರ ಸ್ಟುಡಿಯೋ ಕೆಲಸ ಹೋಯಿತು, ಅಂಗಡಿ ಹೋಯಿತು, ಕೊನೆಗೆ ಜೀವವೂ ಹೋಯಿತು. ಹೃದಯ ಮರುಗಬೇಕಾದರೆ ಎದುರಿಗೊಂದು ಮುಖ ಬೇಕು. ಎದುರಿಗಿಲ್ಲದವರಿಗೂ ನ್ಯಾಯ ಸಲ್ಲಬೇಕಾದರೆ ಹೃದಯವೊಂದೇ ಸಾಲದು. ಇದನ್ನು ನಾನೇನೂ ಹೊಸದಾಗಿ ಕಂಡುಹಿಡಿದು ಆಕೆಯ ತಲೆಗೆ ಕಟ್ಟುತ್ತಿಲ್ಲ. ನೆಲಮಾಳಿಗೆಯಲ್ಲಿ ಆ ವಕೀಲ ಹೇಳಿದ್ದು ಇದನ್ನೇ ಅಲ್ಲವೇ?

ಭೀಷ್ಮನ ಉದಾಹರಣೆ ನಮಗೆಲ್ಲ ನಾಲಿಗೆಯ ತುದಿಯಲ್ಲೇ ಇದೆ. ಧರ್ಮವನ್ನು ಅವನಷ್ಟು ವಿಸ್ತಾರವಾಗಿ ಹೇಳಿದವರಿಲ್ಲ. ದ್ರೌಪದಿ ಸಭೆಯಲ್ಲಿ ಕೇಳಿದಾಗ ಮಾತ್ರ ಧರ್ಮ ಸೂಕ್ಷ್ಮ ಎಂದುಬಿಟ್ಟ. ಉಪ್ಪಿನ ಋಣ ದೊಡ್ಡದು. ಆದರೂ ಭೀಷ್ಮ ಕೌರವನಿಗಾಗಿ ಕತೆ ಬರೆದುಕೊಡಲಿಲ್ಲ. ಸುಮ್ಮನಿರುವುದಕ್ಕೂ ಸೇವೆಗೂ ನಡುವಿನ ಅಂತರವನ್ನು ನಾವು ಸಿನಿಮಾ ಮಂದಿಯ ವಿಷಯದಲ್ಲಿ ಬೇಗ ಮರೆಯುತ್ತೇವೆ, ಅದು ಬರೀ ಸಿನಿಮಾ ತಾನೇ ಎಂದುಕೊಂಡು.

ಬರೀ ಸಿನಿಮಾ ಏನು ಮಾಡಬಲ್ಲದು ಎಂಬುದಕ್ಕೆ ಒಂದು ಸಂಗತಿ ಹೇಳುತ್ತೇನೆ. 1940ರ ನವೆಂಬರಿನಲ್ಲಿ ಫ್ರಿಟ್ಸ್ 'ಹಿಪ್ಲರ್' ಎಂಬವನು ಮಾಡಿದ 'ಸದಾಕಾಲದ ಯಹೂದಿ' ಎಂಬ ಪ್ರಚಾರಚಿತ್ರ ಬರ್ಲಿನ್ನಿನಲ್ಲಿ ತೆರೆ ಕಂಡಿತು. ಯಹೂದಿಗಳನ್ನು ಇಲಿಗಳಿಗೆ ಹೋಲಿಸಿದ ಚಿತ್ರ. ಅದರಲ್ಲಿ 'ಎಂ' ಚಿತ್ರದ ತುಣುಕೊಂದನ್ನು ಸೇರಿಸಿದರು: ಲೋರ್ರೆ ಮಂಡಿಯೂರಿ ಹೇಳಿಕೊಳ್ಳುವ ಅದೇ ದೃಶ್ಯ. ಪಾತ್ರದ ಮಾತನ್ನು ನಟನ ತಲೆಗೆ ಕಟ್ಟಿ, ನಟನ ಹುಟ್ಟನ್ನು ಒಂದು ಜನಾಂಗದ ತಲೆಗೆ ಕಟ್ಟಿ, ಯಹೂದಿ ಕಲಾವಿದರು ಕೊಲೆಗಾರನ ಮೇಲೆ ಹೇಗೆ ಕನಿಕರ ಹುಟ್ಟಿಸುತ್ತಾರೆ ನೋಡಿ ಎಂದರು. ಆ ದೃಶ್ಯ ಬರೆದಿದ್ದವಳು ಯಹೂದಿಯಲ್ಲ. ಆಕೆ ಅದೇ ಊರಿನಲ್ಲಿ, ಅದೇ ಚಿತ್ರೋದ್ಯಮದಲ್ಲಿ, ಸಂಬಳ ತೆಗೆದುಕೊಂಡು ಬರೆಯುತ್ತ ಕೂತಿದ್ದಳು. ಯಾರಿಗೂ ಬೇಡದವನ ಪರವಾಗಿ ತಾನು ಬರೆದದ್ದನ್ನು ಕತ್ತರಿಸಿ ಒಂದಿಡೀ ಜನರನ್ನು ಯಾರಿಗೂ ಬೇಡದವರನ್ನಾಗಿ ಮಾಡುವ ಕೆಲಸಕ್ಕೆ ಬಳಸಿದಾಗ, ಬರೆದವಳ ಪಾಲು ಏನಾಯಿತು? ಮರು ವರ್ಷ, 1941ರಲ್ಲಿ, ಆಕೆ ಬರೆದ 'ಆನ್ನೆಲೀ' ಎಂಬ ಚಿತ್ರ ಬಂತು.

ಸೋತ ಜರ್ಮನಿಯಲ್ಲಿ 1945ರ ಬೇಸಿಗೆಯ ಹೊತ್ತಿಗೆ ಆಕೆ ಬ್ರಿಟಿಷರ ಬಂದಿಶಿಬಿರದಲ್ಲಿದ್ದಳು. ಅಲ್ಲಿಯೂ ಕೈ ಸುಮ್ಮನಿರಲಿಲ್ಲ, ಜತೆಯ ಬಂದಿಗಳನ್ನು ಕೂಡಿಸಿ ಗಯಟೆಯ 'ಫೌಸ್ಟ್' ನಾಟಕ ಆಡಿಸಿದಳು. ಸೈತಾನನಿಗೆ ಆತ್ಮವನ್ನು ಬರೆದುಕೊಟ್ಟವನ ಕತೆಯನ್ನೇ ಏಕೆ ಆರಿಸಿದಳೋ. ಜರ್ಮನ್ನರಿಗೆ ಅದು ನಮ್ಮ ಗದುಗಿನ ಭಾರತದ ಹಾಗೆ, ಬಾಯಿಗೆ ಬರುವುದೇ ಅದು ಎಂದೂ ಇರಬಹುದು. ಬಿಡುಗಡೆಯಾದ ಮೇಲೆ ಬಾಂಬಿಗೆ ಕುಸಿದ ಊರಿನಲ್ಲಿ ಇಟ್ಟಿಗೆ ಕಲ್ಲು ಎತ್ತಿ ಸಾಗಿಸುವ ಹೆಂಗಸರ ಸಾಲಿನಲ್ಲಿ ದುಡಿದಳು. ಆಮೇಲೆ ಪರದೇಶದ ಚಿತ್ರಗಳಿಗೆ ಜರ್ಮನ್ ಮಾತು ಕೂಡಿಸುವ ಕೆಲಸ ಸಿಕ್ಕಿತು. ಬೇರೆಯವರ ತುಟಿಯ ಚಲನೆಗೆ ಸರಿಹೊಂದುವಂತೆ ಮಾತು ಬರೆಯುವುದು.

1954ರ ಜೂನ್ ತಿಂಗಳ ಬರ್ಲಿನ್ ಚಿತ್ರೋತ್ಸವದಲ್ಲಿ 'ದಣಿದ ಸಾವು' ಚಿತ್ರವನ್ನು ಮತ್ತೆ ತೋರಿಸಿದಾಗ ಆಕೆಯನ್ನು ಗೌರವದ ಅತಿಥಿಯಾಗಿ ಕರೆದಿದ್ದರು. ಮೂವತ್ಮೂರು ವರ್ಷ ಹಿಂದೆ ಲಾಂಗನ ಜತೆ ಬರೆದ ಚಿತ್ರ. ಹುಡುಗಿಯೊಬ್ಬಳ ಇನಿಯನನ್ನು ಸಾವು ಕೊಂಡುಹೋಗಿರುತ್ತದೆ. ಅವಳು ನಮ್ಮ ಸಾವಿತ್ರಿಯ ಹಾಗೆ ಸಾವಿನ ಬೆನ್ನು ಹತ್ತುತ್ತಾಳೆ. ಮೂರು ಸಲ ಅವಕಾಶ ಸಿಕ್ಕಿ ಮೂರು ಸಲವೂ ಸೋಲುತ್ತಾಳೆ. ಕಡೆಗೆ ಸಾವು, ಇನ್ನೊಂದು ಜೀವ ತಂದುಕೊಡು, ಇವನನ್ನು ಬಿಡುತ್ತೇನೆ ಎನ್ನುತ್ತದೆ. ಉರಿಯುವ ಮನೆಯೊಳಗೆ ಒಂದು ಕೂಸು ಸಿಕ್ಕಿಬಿದ್ದಿರುತ್ತದೆ. ಅವಳು ಒಳಗೆ ನುಗ್ಗಿ ಅದನ್ನು ಎತ್ತಿಕೊಳ್ಳುತ್ತಾಳೆ. ಸಾವು ಕೈ ಚಾಚಿ ಎದುರಿಗೆ ನಿಂತಿದೆ. ಅವಳು ಕೊಡಲಾರದೆ ಹೋಗುತ್ತಾಳೆ, ಕೂಸನ್ನು ಕಿಟಕಿಯಿಂದ ಕೆಳಗಿಳಿಸಿ ಹೊರಗೆ ಕಾದಿದ್ದ ತಾಯಿಗೆ ಮುಟ್ಟಿಸಿ ತಾನು ಒಳಗೇ ಉಳಿಯುತ್ತಾಳೆ.

ಅದನ್ನು ನೋಡಿ ಚಿತ್ರಮಂದಿರದಿಂದ ಹೊರಗೆ ಬರುವಾಗ ಹಾರ್ಬು ಬಿದ್ದು ಸೊಂಟದ ಮೂಳೆಗೆ ಪೆಟ್ಟಾಯಿತು. ಅದರಿಂದ ಏಳಲಿಲ್ಲ. ಜುಲೈ 1ರಂದು ತೀರಿಕೊಂಡಳು.